ಅತ್ತ ಉಳಿದ ಅತ್ತೆ

ಒಂದೇ ದಿನ! ಒಂದೇ ಕಾರು! ಗಡಿಯಾಚೆಯ ಎರಡು ಮಠ, ನಾಲ್ಕು ಚರ್ಚು! ಸಂಜೆ ಏಳಕ್ಕೆ ಕೊರ್ಚಾ ಊರಿನ ನಮ್ಮ ಮನೆಯಂಗಳಕ್ಕೆ ವಾಪಸ್ ಬಂದು ಕಾಫಿ!

ಹೀಗೆಂದು ನಾನು ಘೋಷಿಸಿದ್ದು ಪಕ್ಕದ ಮನೆಯ ಥಿಮಿಯ ಎದುರಿಗೆ. ಥಿಮಿ ಹೋದ ವರ್ಷ ಇದೇ ಯಾತ್ರೆಗೆ ಹೋಗಿ, ಎರಡು ದಿನದಲ್ಲಿ ಮೂರೇ ಚರ್ಚು ನೋಡಿ, ಕಾಲು ಉಳುಕಿಸಿಕೊಂಡು ಮರಳಿದ್ದ. ಆ ಕಾಲನ್ನು ಇನ್ನೂ ಒಂದು ಸ್ಟೂಲಿನ ಮೇಲೆ ಪ್ರದರ್ಶನಕ್ಕೆ ಇಟ್ಟಿದ್ದ.

"ಥಿಮಿ, ಮೂವತ್ತೆಂಟು ವರ್ಷ ಭೂಗೋಳ ಪಾಠ ಮಾಡಿದವನು ನಾನು. ಓಹ್ರಿಡ್ ಸರೋವರದ ಉದ್ದ, ಅಗಲ, ಆಳ ಮೂರೂ ನನಗೆ ಬಾಯಿಪಾಠ. ನಾನು ದಾರಿ ತಪ್ಪುತ್ತೀನಾ?"

"ದಾರಿ ತಪ್ಪಲ್ಲ ಲಿಗೋರ್," ಎಂದ ಥಿಮಿ, ಕಾಲನ್ನು ಸ್ವಲ್ಪ ಸರಿಸುತ್ತಾ. "ಆದ್ರೆ ನಿನ್ ಜೊತೆ ಅತ್ತೆ ಬರ್ತಾರಲ್ಲ?"

"ಅತ್ತೆಯನ್ನೂ ಪಟ್ಟಿಯಲ್ಲಿ ಸೇರಿಸಿದ್ದೀನಿ!"

ಹೌದು, ಪಟ್ಟಿ. ನನ್ನ ಇಡೀ ಸೇವಾವಧಿಯಲ್ಲಿ ಪಟ್ಟಿಯಿಲ್ಲದೆ ಮಕ್ಕಳನ್ನು ಶಾಲೆಯ ಗೇಟು ಕೂಡ ದಾಟಿಸಿದವನಲ್ಲ ನಾನು. ಬೆಳಗ್ಗೆ ಆರಕ್ಕೆ ಹೊರಡುವುದು. ಏಳೂಕಾಲಿಗೆ ಗಡಿ. ಏಳೂವರೆಗೆ ಸಂತ ನೌಮನ ಮಠ, ಮೂವತ್ತೈದು ನಿಮಿಷ. ಆಮೇಲೆ ಓಹ್ರಿಡ್ ಪೇಟೆಯ ನಾಲ್ಕು ಪುರಾತನ ಚರ್ಚು, ತಲಾ ಹನ್ನೆರಡು ನಿಮಿಷ. ಬಂಡೆಯ ಮೇಲಿರುವ ಚರ್ಚಿಗೆ ಮೆಟ್ಟಿಲು ಜಾಸ್ತಿ ಎಂದು ಕರುಣೆಯಿಂದ ಇಪ್ಪತ್ತು. ಊಟ ಇಪ್ಪತ್ತೈದು. ಅಲ್ಲಿಂದ ಸರೋವರದ ಆ ತುದಿಯ ಗುಹಾಮಠ. ಉಸಿರಾಟಕ್ಕೆ ಬೇರೆ ಸಮಯ ಇಟ್ಟಿರಲಿಲ್ಲ. ಕಾರಿನಲ್ಲಿ ಕೂತಾಗ ಉಸಿರಾಡಬಹುದು.

ನನ್ನ ಹೆಂಡತಿ ಪೊಲಿಕ್ಸೇನಿ ಪಟ್ಟಿಯನ್ನು ಮೇಲಿಂದ ಕೆಳಗೆ ಓದಿದಳು.

"ಬಾತ್‌ರೂಮಿಗೆ ಎಷ್ಟು ನಿಮಿಷ ಇಟ್ಟಿದ್ದೀರಿ ಮೇಷ್ಟ್ರೇ?"

ಪೊಲಿಕ್ಸೇನಿ ಸಾಮಾನ್ಯವಾಗಿ ನನ್ನನ್ನು ಏಕವಚನದಲ್ಲೇ ಕರೆಯುತ್ತಾಳೆ. ಬಹುವಚನಕ್ಕೆ ಏರಿದಳೆಂದರೆ ಹವಾಮಾನ ಕೆಟ್ಟಿದೆ ಎಂದರ್ಥ. ನಾನು ವಿಷಯ ಬದಲಾಯಿಸಿ ಅತ್ತೆಯ ಕಡೆ ತಿರುಗಿದೆ.

ಅತ್ತೆ ಉರಾನಿಗೆ ಎಂಬತ್ತೆರಡು. ಮೂವತ್ತು ವರ್ಷದಿಂದ ನಮ್ಮ ಜೊತೆಗೇ ಇದ್ದಾರೆ. ಕಪ್ಪು ಸ್ಕಾರ್ಫು, ಕಪ್ಪು ಶಾಲು, ಕಡಿಮೆ ಮಾತು. ಆಡಿದರೆ ಮಾತ್ರ ನೇರ ಗುರಿಗೆ.

"ನಂಗೆ ನಿನ್ ನಾಲ್ಕು ಚರ್ಚು ಬೇಡ. ನೌಮನ ಹತ್ರ ಸ್ವಲ್ಪ ಕೆಲಸ ಇದೆ. ಅದೊಂದು ಮುಗಿದ್ರೆ ಸಾಕು," ಎಂದರು. ಸಾವಿರದ ನೂರು ವರ್ಷದ ಹಿಂದೆ ತೀರಿಕೊಂಡ ಮಹಾಸಂತನ ಹೆಸರನ್ನು ಪುರಸಭೆಯ ಗುಮಾಸ್ತನ ಹೆಸರು ಹೇಳಿದಷ್ಟೇ ಸಲೀಸಾಗಿ ಹೇಳಿದರು.

"ಏನು ಕೆಲಸ ಅತ್ತೆ?"

"ನಿನ್ ಪಟ್ಟೀಲಿ ಬರೆಯೋ ಅಂಥದ್ದಲ್ಲ."

ಜುಲೈ ಹಬ್ಬದ ದಿನ ಅವರು ಎರಡು ಸಲ ಅಲ್ಲಿಗೆ ಹೋಗಿದ್ದುಂಟು. ಎರಡು ಸಲವೂ ಜನಜಂಗುಳಿಯಲ್ಲಿ ಗೋರಿಯ ಹತ್ತಿರ ಸುಳಿಯಲೂ ಆಗದೆ ಅಂಗಳದಿಂದಲೇ ಕೈಮುಗಿದು ಬಂದಿದ್ದರು. ನೌಮನ ಗೋರಿಯ ಕಲ್ಲಿಗೆ ಕಿವಿಯಿಟ್ಟರೆ ಅವನ ಎದೆಬಡಿತ ಕೇಳುತ್ತದೆ ಎಂದು ಸರೋವರದ ಎರಡೂ ದಡದವರು ನಂಬುತ್ತಾರೆ. ಅಜ್ಜಿಯರ ಆಸೆ, ಕೇಳಲಿ ಬಿಡಿ, ಒಂದೆರಡು ಬಡಿತಕ್ಕೆ ಎಷ್ಟು ಹೊತ್ತು ಬೇಕು ಎಂದುಕೊಂಡೆ. ಹಬ್ಬವಲ್ಲದ ಒಂದು ಮೇ ತಿಂಗಳ ಗುರುವಾರವನ್ನು ಗೊತ್ತುಮಾಡಿದೆ.

ಆ ಗುರುವಾರ ಬೆಳಗ್ಗೆ ಐದೂ ಮುಕ್ಕಾಲಿಗೆ ನಾನು ಕಾರಿನಲ್ಲಿದ್ದೆ. ಆರಕ್ಕೆ ಹಾರನ್ ಹೊಡೆದೆ. ಆರೂಕಾಲಿಗೆ ಮತ್ತೆ ಹೊಡೆದೆ. ಆರೂವರೆಗೆ ಥಿಮಿ ಕಿಟಕಿ ತೆರೆದು ನಕ್ಕ. ಒಳಗೆ ಪೊಲಿಕ್ಸೇನಿ ಲಾಕ್ರೋರ್ ಬೇಯಿಸುತ್ತಿದ್ದಳು. ಹಿಟ್ಟನ್ನು ಕಾಗದದಷ್ಟು ತೆಳ್ಳಗೆ ಲಟ್ಟಿಸಿ, ಹಾಳೆಯ ಮೇಲೆ ಹಾಳೆ ಹೊದಿಸಿ, ನಡುವೆ ಈರುಳ್ಳಿ ಟೊಮೆಟೊ ತುಂಬಿ ಕೆಂಡದಡಿ ಬೇಯಿಸುವ ತಿಂಡಿ ಅದು. ಅವಸರ ಅನ್ನುವ ಪದವೇ ಅದಕ್ಕೆ ತಿಳಿಯದು. ಏಳೂ ಹತ್ತಕ್ಕೆ ಚಕ್ರದಗಲದ ಬಿಸಿ ತಟ್ಟೆ ಡಿಕ್ಕಿಯನ್ನೂ, ಅತ್ತೆ ಹಿಂದಿನ ಸೀಟನ್ನೂ ಸೇರಿದರು.

ಗಡಿಯಲ್ಲಿ ನಮ್ಮ ಮುಂದೆ ಮೂರು ಬಸ್ಸು. ಮೂರರಲ್ಲೂ ಕಪ್ಪು ಸ್ಕಾರ್ಫಿನ ಅಜ್ಜಿಯರು. ಒಬ್ಬೊಬ್ಬ ಅಜ್ಜಿಯೂ ತನ್ನ ಗುರುತಿನ ಚೀಟಿಯನ್ನು ಒಳಲಂಗದ ಯಾವುದೋ ಪಾತಾಳದಿಂದ ಹೊರತೆಗೆಯಬೇಕು. ನಾವು ದಾಟುವಾಗ ಒಂಬತ್ತೂವರೆ. ಪಟ್ಟಿಯ ಪ್ರಕಾರ ನಾನಾಗ ಓಹ್ರಿಡ್‌ನಲ್ಲಿ ಎರಡನೆಯ ಚರ್ಚಿನ ಹೊಸ್ತಿಲ ಮೇಲಿರಬೇಕಿತ್ತು!

ಮಠದ ಹೊರಗಿನ ಪಾರ್ಕಿಂಗಿನಲ್ಲಿ ನಮ್ಮ ಬೂದುಬಣ್ಣದ ಹಳೆಯ ಮರ್ಸಿಡಿಸನ್ನು ಇನ್ನೊಂದು ಬೂದುಬಣ್ಣದ ಹಳೆಯ ಮರ್ಸಿಡಿಸಿನ ಪಕ್ಕ ನಿಲ್ಲಿಸಿದೆ. ಸರೋವರದ ಈ ಕಡೆ, ಆ ಕಡೆ, ಎಲ್ಲ ಕಡೆಯೂ ಗಂಡಸರಿಗೆ ಒಂದೇ ಕನಸು, ಆದ್ದರಿಂದ ಒಂದೇ ಕಾರು. ನಮ್ಮದರ ಹಿಂಬಾಗಿಲ ಬೀಗ ಕೆಟ್ಟು ನಾಲ್ಕು ವರ್ಷ. ಯಾರು ಬೇಕಾದರೂ ತೆರೆಯಬಹುದು. ಇಷ್ಟು ದಿನ ಯಾರಿಗೂ ಬೇಕಾಗಿರಲಿಲ್ಲ.

ಅಂಗಳದಲ್ಲಿ ಮಠದ ನವಿಲೊಂದು ದಾರಿಗಡ್ಡ ನಿಂತು ಗರಿ ಬಿಚ್ಚಿತು. ಬಸ್ಸಿನವರೆಲ್ಲ ಫೋಟೋ ತೆಗೆಯಲು ನಿಂತರು. ಒಂಬತ್ತು ನಿಮಿಷ ಹೋಯಿತು. ನಾನು ಆ ಪಕ್ಷಿಗೆ ಬೈದದ್ದು ಸಂತನಿಗೆ ಕೇಳಿಸಿತೋ ಏನೋ. ಅಲ್ಲಿಂದ ಮುಂದೆ ಒಂದೂ ನೆಟ್ಟಗಾಗಲಿಲ್ಲ.

ಗೋರಿಯಿರುವ ಕೋಣೆ ನಮ್ಮ ಅಡುಗೆಮನೆಗಿಂತ ಚಿಕ್ಕದು. ಅತ್ತೆ ನಿಧಾನವಾಗಿ ಮಂಡಿಯೂರಿ, ಸ್ಕಾರ್ಫು ಸರಿಸಿ, ಕಲ್ಲಿಗೆ ಕಿವಿಯಿಟ್ಟು ಕಣ್ಣು ಮುಚ್ಚಿದರು. ನಾನು ಪಕ್ಕದಲ್ಲಿ ಬಗ್ಗಿ ನಿಂತೆ.

"ಅತ್ತೆ, ಕೇಳಿಸ್ತಾ?"

"ಕೇಳಿಸ್ತಿದೆ."

"ಹಾಗಾದ್ರೆ ಏಳಿ..."

"ನಿನ್ ಗಡಿಯಾರದ ಟಿಕ್ ಟಿಕ್ ಕೇಳಿಸ್ತಿದೆ. ಸ್ವಲ್ಪ ದೂರ ನಿಲ್ಲು."

ಅಷ್ಟರಲ್ಲಿ ಬಸ್ಸಿನ ಅಜ್ಜಿಯರು ಒಳಗೆ ನುಗ್ಗಿದರು. ಇನ್ನು ಇಲ್ಲಿ ನಿಂತರೆ ಮಧ್ಯಾಹ್ನವಾಯಿತು ಎಂದು ನಾನು ಅತ್ತೆಯ ಮೊಣಕೈ ಹಿಡಿದು ಎಬ್ಬಿಸಿ ಹೊರಗೆ ಕರೆತಂದೆ. ಅವರು ಏನೂ ಹೇಳಲಿಲ್ಲ. ಅತ್ತೆ ಏನೂ ಹೇಳದಿದ್ದರೆ ನನಗೆ ಸಂತೋಷವಾಗುತ್ತದೆ. ಅವತ್ತೂ ಆಯಿತು. ನಾಚಿಕೆಯಿಲ್ಲದ ಸಂತೋಷ ಅದು.

"ಕೆಳಗಿನ ನೀರಿನ ಊಟೆಯ ಹತ್ರ ಹೋಗಿ ಮುಖ ತೊಳ್ಕೊಂಡು ಕಾರಿಗೆ ಬರ್ತೀನಿ," ಎಂದಷ್ಟೇ ಹೇಳಿ ಅವರು ಕೆಳಗಿಳಿದರು.

ಉಳಿದದ್ದು ಮೇಣದಬತ್ತಿ. ಹಚ್ಚುವ ಕಡೆ ಎರಡು ಮರಳಿನ ತಟ್ಟೆ: ಮೇಲಿನದು ಬದುಕಿರುವವರಿಗೆ, ಕೆಳಗಿನದು ತೀರಿಕೊಂಡವರಿಗೆ. ಇದು ನಮ್ಮಲ್ಲಿ ಹಾಲು ಕುಡಿಯುವ ಮಗುವಿಗೂ ಗೊತ್ತು. ಆದರೆ ಮೇಲಿನ ತಟ್ಟೆಯ ಮುಂದೆ ಹದಿನೈದು ಜನ, ಕೆಳಗಿನದರ ಮುಂದೆ ಯಾರೂ ಇಲ್ಲ! ಕೈ ತಾನಾಗಿಯೇ ಕೆಳಗೆ ಹೋಯಿತು. "ಇದು ಥಿಮಿಯ ಕಾಲಿಗೆ. ಇದು ಅತ್ತೆಯ ಆಯುಸ್ಸಿಗೆ," ಎಂದು ಗಟ್ಟಿಯಾಗಿಯೇ ಹೇಳಿಕೊಂಡು ಚುಚ್ಚಿದೆ.

ಬೆನ್ನ ಹಿಂದೆ ಪೊಲಿಕ್ಸೇನಿ ನಿಂತಿದ್ದಳು.

"ಮೇಷ್ಟ್ರೇ. ನಮ್ಮಮ್ಮನ್ನ ಎಲ್ಲಿ ಹಚ್ಚಿದ್ರಿ?"

"ಅದು... ಮೇಲೆ ರಶ್ ಇತ್ತು..."

"ರಶ್ ಇತ್ತು ಅಂತ ನಮ್ಮಮ್ಮನ್ನ ಸತ್ತೋರ ಜೊತೆ ಸೇರಿಸಿಬಿಟ್ರಾ? ಹನ್ನೆರಡು ನಿಮಿಷ ಉಳೀತಾ?"

ನಾನು ಬತ್ತಿಯನ್ನು ಕಿತ್ತು ಮೇಲೆ ಚುಚ್ಚಲು ಹೋದೆ, ಅದು ಆರಿಹೋಯಿತು. ಇನ್ನೂ ಚೆನ್ನಾಯಿತು! ಅವಳು ಬಿರಬಿರನೆ ನಡೆದು ಕಾರಿನ ಮುಂದಿನ ಸೀಟಿನಲ್ಲಿ ಕೂತು, ಬಾಗಿಲನ್ನು ಇಡೀ ಮಠಕ್ಕೆ ಕೇಳುವಂತೆ ಎಳೆದುಕೊಂಡು, ಮುಖವನ್ನು ಕಿಟಕಿಗೆ ತಿರುಗಿಸಿದಳು.

ನಾನು ಹಿಂದೆಯೇ ಹೋಗಿ ನೋಡಿದರೆ, ಹಿಂದಿನ ಸೀಟಿನಲ್ಲಿ ಕಪ್ಪು ಸ್ಕಾರ್ಫು, ಕಪ್ಪು ಶಾಲು, ಮುಖದ ಮೇಲೆ ಶಾಲಿನ ಸೆರಗು, ಸಣ್ಣ ಗೊರಕೆ. ಮೂವತ್ತು ವರ್ಷದಲ್ಲಿ ಮೊದಲ ಸಲ ಅತ್ತೆ ನನಗಿಂತ ಮೊದಲು ಕಾರಿನಲ್ಲಿದ್ದರು! ಶಾಲಿನ ತುದಿ ಬಾಗಿಲಿಗೆ ಸಿಕ್ಕಿತ್ತು. ಮೇಣದಬತ್ತಿಯ ಪಾಪ ಕಾಡುತ್ತಿತ್ತಲ್ಲ, ಬಾಗಿಲು ತೆರೆದು ಅದನ್ನು ಮೆಲ್ಲಗೆ ಒಳಗೆ ಮಡಚಿಟ್ಟು, "ಆರಾಮಾಗಿ ಮಲಗಿ ಅಮ್ಮ," ಎಂದು ಜೇನಿನಂಥ ದನಿಯಲ್ಲಿ ಹೇಳಿ ಹೊರಟೆ.

ಮೂವತ್ತು ಕಿಲೋಮೀಟರು. ಹೆಂಡತಿ ಮಾತಾಡಲಿಲ್ಲ, ತಿರುಗಿ ನೋಡಲಿಲ್ಲ. ನಾನು ಅತ್ತೆಯನ್ನು ಮಾತಾಡಿಸುವ ಧೈರ್ಯ ಮಾಡಲಿಲ್ಲ. ಮೇಣದಬತ್ತಿಯ ಸುದ್ದಿ ಅವರಿಗೆ ಮುಟ್ಟಿದೆಯೋ ಇಲ್ಲವೋ ಯಾರಿಗೆ ಗೊತ್ತು. ಎಡಕ್ಕೆ ಸರೋವರ ಹೊಳೆಯುತ್ತಿತ್ತು. ಅದರ ಆಳ ನೆನಪಿಗೆ ಬಂತು. ಅಲ್ಲೇ ಇಳಿದುಬಿಡೋಣವೇ ಅನ್ನಿಸುವಷ್ಟು ಸುಸ್ತಾಗಿತ್ತು, ಆಗಲೇ, ಬೆಳಗಿನ ಹನ್ನೊಂದು ಗಂಟೆಗೆ.

ಓಹ್ರಿಡ್‌ನ ಮೇಲಿನ ಪೇಟೆಯಲ್ಲಿ ಕಾರು ನಿಲ್ಲಿಸಿ ಹಿಂಬಾಗಿಲು ತೆರೆದೆ.

"ಅತ್ತೆ, ಬಂತು. ನಿಧಾನ ಇಳೀರಿ."

ಅತ್ತೆ ಮುಖದ ಮೇಲಿನ ಶಾಲು ಸರಿಸಿದರು. ನಮ್ಮ ಅತ್ತೆಯ ಕಣ್ಣು ಕಂದು. ಈ ಕಣ್ಣು ನೀಲಿ. ಇನ್ನು ಆ ಮೂಗು! ಆ ಮೂಗಿಗೂ ನಮ್ಮ ಕುಟುಂಬಕ್ಕೂ ಯಾವ ಸಂಬಂಧವೂ ಇರಲಿಲ್ಲ.

"ಪೊಲಿಕ್ಸೇನಿ," ಎಂದೆ ಸಣ್ಣ ದನಿಯಲ್ಲಿ. "ಒಂದ್ಸಲ ಹಿಂದೆ ತಿರುಗ್ತೀಯಾ?"

"ನನ್ನ ಮಾತಾಡಿಸ್ಬೇಡಿ."

"ಮಾತಾಡ್ಬೇಡ. ನೋಡು ಸಾಕು."

ನೋಡಿದಳು. ಅವಳು ಕಿರುಚಿದ ಹೊಡೆತಕ್ಕೆ ಎದುರು ಮಾಡಿನ ಪಾರಿವಾಳಗಳೆಲ್ಲ ಎದ್ದವು.

"ನಮ್ಮಮ್ಮ ಎಲ್ಲಿ? ಇವ್ರು ಯಾರು?"

"ನಿಮ್ಮಮ್ಮ ಅಂದ್ಕೊಂಡೆ."

"ಮೂವತ್ತು ವರ್ಷದಿಂದ ಒಂದೇ ಮನೇಲಿ ಇದ್ದೀರಿ! ಅತ್ತೆ ಯಾರು ಅಂತ ಗೊತ್ತಾಗಲ್ವಾ ನಿಮ್ಗೆ?"

"ನಿನಗೆ ಐವತ್ನಾಲ್ಕು ವರ್ಷದಿಂದ ಅಮ್ಮ. ನಿನಗೆ ಗೊತ್ತಾಯ್ತಾ?"

ಇದು ನ್ಯಾಯವಾದ ಪ್ರಶ್ನೆ. ಕೇಳಬಾರದಿತ್ತು.

ಅವಳು ಅಮ್ಮನ ಫೋನಿಗೆ ಕರೆ ಮಾಡಿದಳು. ಫೋನು ಅವಳದೇ ಕೈಚೀಲದೊಳಗೆ ಉಲ್ಲಾಸದಿಂದ ಹಾಡಿತು. ಮಠದ ಪಕ್ಕದ ಹೋಟೆಲಿನ ನಂಬರು ಹುಡುಕಿ ಕರೆದಳು.

"ನಮ್ಮಮ್ಮ ಅಲ್ಲಿ ತಪ್ಪಿಸ್ಕೊಂಡಿದ್ದಾರೆ. ವಯಸ್ಸಾದೋರು. ಕಪ್ಪು ಸ್ಕಾರ್ಫು ಕಟ್ಟಿದ್ದಾರೆ."

ಆ ಕಡೆಯ ಹೆಂಗಸು, "ಅಕ್ಕಾ, ಈಗ ಇಲ್ಲಿ ನೂರೈವತ್ತು ಜನ ಕಪ್ಪು ಸ್ಕಾರ್ಫಿನೋರು ಇದ್ದಾರೆ. ಬೇರೆ ಏನಾದ್ರೂ ಗುರುತು?" ಎಂದಳಂತೆ.

"ಬೇರೆ ಗುರುತು ಏನು ಹೇಳ್ಲಿ?" ಎಂದು ನನ್ನ ಕಡೆ ತಿರುಗಿದಳು. ಅತ್ತೆಯ ಮುಖವನ್ನು ನೆನೆಯಲು ಯತ್ನಿಸಿದೆ. ಬಂದದ್ದು ಸ್ಕಾರ್ಫು ಮಾತ್ರ. ದಿನವೂ ನನ್ನೆದುರು ಕೂತು ಸೂಪು ಕುಡಿಯುವ ಮನುಷ್ಯರ ಮುಖವನ್ನು ನಾನು ನೋಡಿಯೇ ಇರಲಿಲ್ಲ. ಆಗ ಮಾತ್ರ ನನಗೆ ನಿಜವಾಗಿ ಹೆದರಿಕೆಯಾಯಿತು. ಎಂಬತ್ತೆರಡು ವರ್ಷ, ಎದೆಗೆ ದಿನಕ್ಕೆ ಎರಡು ಮಾತ್ರೆ, ಮಾತ್ರೆಯೂ ನಮ್ಮ ಹತ್ತಿರ, ಕೈಯಲ್ಲಿ ಫೋನಿಲ್ಲ, ಪರದೇಶ, ನೀರಿನ ಅಂಚು.

ಇಷ್ಟೆಲ್ಲ ಆಗುವಾಗ ನಮ್ಮ ಹೊಸ ಅಜ್ಜಿ ಕಾರಿನಿಂದಿಳಿದು, ಶಾಲು ಕೊಡವಿ, ಜೇಬಿನಿಂದ ಪೆಪ್ಪರಮೆಂಟು ತೆಗೆದು ನನಗೊಂದು ಕೊಟ್ಟು ತನಗೊಂದು ಬಾಯಿಗೆ ಹಾಕಿಕೊಂಡರು. ಆಮೇಲೆ ಏನೋ ಹೇಳಿದರು. ಪೊಲಿಕ್ಸೇನಿ ತಟ್ಟನೆ ಕಿವಿ ನಿಮಿರಿಸಿದಳು. ಅದು ವ್ಲಾಹ ಮಾತು, ಬೆಟ್ಟದ ಕುರಿಗಾಹಿಗಳ ಹಳೆಯ ಭಾಷೆ; ಅತ್ತೆಯ ತವರಿನ ಮಾತೂ ಅದೇ. ಹೆಂಡತಿಗೆ ಅರ್ಧಂಬರ್ಧ ಬರುತ್ತದೆ.

"ಏನಂತೆ?"

"ಹೆಸರು ದೆಸ್ಪಿನಾ ಅಂತೆ. ಕ್ರುಶೆವೊ ಊರಂತೆ. ಮಗನ ಕಾರು ಅಂದ್ಕೊಂಡು ಕೂತ್ರಂತೆ."

"ದಾರೀಲಿ ಎಚ್ಚರ ಆಗ್ಲಿಲ್ವಾ?"

ಅಜ್ಜಿ ಉದ್ದಕ್ಕೆ ಉತ್ತರಿಸಿದರು. ಪೊಲಿಕ್ಸೇನಿ ಚಿಕ್ಕದಾಗಿ ಅನುವಾದಿಸಿದಳು: "ಅರ್ಧ ದಾರೀಲೇ ಎಚ್ಚರ ಆಯ್ತಂತೆ. ಮಗ ಅಲ್ಲ ಅಂತ ಗೊತ್ತಾಯ್ತಂತೆ. ಓಹ್ರಿಡ್‌ನ ದೇವಮಾತೆ ಚರ್ಚಿಗೆ ಕರ್ಕೊಂಡು ಹೋಗು ಅಂತ ಆರು ವರ್ಷದಿಂದ ಮಗನ್ನ ಕೇಳ್ತಿದ್ರಂತೆ. ಅವನು 'ಮುಂದಿನ ಸಲ' ಅಂತಿದ್ನಂತೆ. ಕಾರು ಇದೇ ದಿಕ್ಕಿಗೆ ಹೋಗ್ತಿತ್ತು, ಸುಮ್ನೆ ಇದ್ದೆ ಅಂತಾರೆ."

"ದಯವಿಟ್ಟು ಹತ್ತೋಕೆ ಹೇಳು. ಈಗ್ಲೇ ವಾಪಸ್ ಹೋಗ್ಬೇಕು!"

ಹೇಳಿದಳು. ದೆಸ್ಪಿನಾ ಅಜ್ಜಿ ತಲೆಯಾಡಿಸಿ, ನಮ್ಮಿಬ್ಬರಿಗೂ ಬೆನ್ನು ತಿರುಗಿಸಿ, ಕಲ್ಲುಹಾಸಿನ ಏರುದಾರಿ ಹಿಡಿದರು. ನಾನು ಓಡಿದೆ. ಎಂಬತ್ತು ದಾಟಿದ ಆ ಹೆಂಗಸು ನಡೆಯುತ್ತಿದ್ದರು, ಅರವತ್ತಾರರ ನಾನು ಓಡುತ್ತಿದ್ದೆ, ಆದರೂ ನಮ್ಮ ನಡುವಿನ ಅಂತರ ಹೆಚ್ಚುತ್ತಲೇ ಇತ್ತು. ಮಠಕ್ಕೆ ಹೊರಟವನಿಗೆ ಎದುರಾದದ್ದೆಲ್ಲ ಹಠ! ಭೂಗೋಳದ ಮೇಷ್ಟ್ರ ಗೋಳು ಕೇಳುವವರು ಯಾರು? ಚರ್ಚಿನ ಬಾಗಿಲಿಗೆ ಬರುವಷ್ಟರಲ್ಲಿ ಬೆವರಿನಲ್ಲಿ ನನ್ನ ಪಟ್ಟಿ ಅಂಗಿಯ ಜೇಬಿನೊಳಗೇ ಮುದ್ದೆಯಾಗಿತ್ತು. ಶಾಯಿ ಇಳಿದು ಎದೆಯ ಮೇಲೆ ನೀಲಿ ಕಲೆ.

ಒಳಗೆ ಅಜ್ಜಿ ಹಳೆಯ ಚಿತ್ರಗಳ ಕೆಳಗೆ ನಿಂತು ಗೋಡೆಯನ್ನು ಇಂಚಿಂಚಾಗಿ ನೋಡುತ್ತಿದ್ದರು. ನಾನು ಕುರ್ಚಿಯೊಂದರ ಮೇಲೆ ಕುಸಿದೆ. ಏಳುನೂರು ವರ್ಷದಿಂದ ಆ ಗೋಡೆಯಲ್ಲಿ ನಿಂತಿರುವ ಸಂತರು ನನ್ನನ್ನು ನೋಡಿದರು. ಅವರೂ ದಣಿದಂತೆಯೇ ಕಂಡರು.

ಹೊರಗೆ ಬಂದಾಗ ಕಾರಿನ ಬಳಿ ಪೊಲೀಸರೊಬ್ಬರು ನಮ್ಮ ನಂಬರು ಬರೆದುಕೊಳ್ಳುತ್ತಿದ್ದರು. ನಡುವಯಸ್ಸು, ಕಣ್ಣ ಕೆಳಗೆ ಚೀಲ, ದೇವರ ದಯೆಯಿಂದ ನಮ್ಮ ಭಾಷೆ ಬಲ್ಲವರು.

"ಕಾರು ನಿಮ್ದಾ? ಒಬ್ಬರು ಅಜ್ಜಿಯನ್ನ ಕದ್ಕೊಂಡು ಹೋಗಿದ್ದೀರಿ ಅಂತ ಮಠದಿಂದ ಅವರ ಮಗ ದೂರು ಕೊಟ್ಟಿದ್ದಾನೆ."

"ಕದ್ದಿಲ್ಲ ಸಾರ್. ಬದಲಾಗಿದೆ."

"ಬದಲಾಗಿದೆ?"

"ನಮ್ದು ಅಲ್ಲೇ ಉಳೀತು. ಇದು ಅವರ್ದು."

ಮದುವೆಮನೆಯ ಬಾಗಿಲಲ್ಲಿ ಚಪ್ಪಲಿ ಬದಲಾದವನಂತೆ ಮಾತಾಡುತ್ತಿದ್ದೇನೆಂದು ನನಗೇ ಗೊತ್ತಾಯಿತು. ಪೊಲೀಸರು ದೆಸ್ಪಿನಾ ಅಜ್ಜಿಯನ್ನು ತಮ್ಮ ಭಾಷೆಯಲ್ಲಿ ವಿಚಾರಿಸಿದರು. ಅಜ್ಜಿ ನನ್ನ ತೋಳು ಗಟ್ಟಿಯಾಗಿ ಹಿಡಿದು ಏನೋ ಘೋಷಿಸಿದರು.

"ನೀವು ಅವರ ಅಳಿಯ ಅಂತಾರೆ."

"ಅಲ್ಲ ಸಾರ್!"

"ಗೊತ್ತು. ಅವರಿಗೆ ಹೆಣ್ಣುಮಕ್ಕಳೇ ಇಲ್ವಂತೆ, ಮಗ ಹೇಳಿದ್ದಾನೆ. ಇನ್ನೂ ಮೂರು ಚರ್ಚು ನೋಡೋದಿದೆ ಅಂತಿದ್ದಾರೆ."

ಪೊಲೀಸರು ಮಠದ ಕಡೆಗೆ ಫೋನು ಮಾಡಿದರು. ಬಹಳ ಹೊತ್ತು ಕೇಳಿಸಿಕೊಂಡರು. ಪೊಲಿಕ್ಸೇನಿ ಎರಡೂ ಕೈ ಬಾಯಿಗೊತ್ತಿ ಅವರ ಮುಖವನ್ನೇ ನೋಡುತ್ತಿದ್ದಳು.

"ಗೋರಿ ಹತ್ರ ಒಬ್ರು ಅಜ್ಜಿ ಇದ್ದಾರಂತೆ. ಆರೋಗ್ಯವಾಗಿದ್ದಾರೆ. ಹೊರಗೆ ಬನ್ನಿ ಅಂದ್ರೆ ಬರಲ್ವಂತೆ. 'ಕೆಲಸ ಇದೆ, ತೊಂದರೆ ಕೊಡಬೇಡಿ' ಅಂದ್ರಂತೆ. ನಿಮ್ಮೋರೇನಾ?"

"ನಮ್ಮೋರೇ!" ಎಂದು ಪೊಲಿಕ್ಸೇನಿ ಅಲ್ಲೇ ಕಲ್ಲಿನ ಮೆಟ್ಟಿಲ ಮೇಲೆ ಕೂತು ಗಳಗಳನೆ ಅತ್ತಳು. ನಾನು ಪಕ್ಕದಲ್ಲಿ ಕೂತೆ. ಅವಳು ನನ್ನ ತೋಳಿನ ಮೇಲೊಂದು ಗುದ್ದಿ, ಆಮೇಲೆ ಅದೇ ತೋಳಿಗೆ ಮೂಗು ಒರೆಸಿಕೊಂಡಳು.

"ನೀನೊಬ್ಬ ಕತ್ತೆ ಲಿಗೋರ್," ಎಂದಳು.

ಏಕವಚನ! ಆ ದಿನದ ಮೊದಲ ಒಳ್ಳೆಯ ಸುದ್ದಿ.

ಪೊಲೀಸರು ದೆಸ್ಪಿನಾ ಅಜ್ಜಿಗೆ ಒಂದು ಬೆರಳು ತೋರಿಸಿದರು. ಅಜ್ಜಿ ಮೂರು ತೋರಿಸಿದರು. ಪೊಲೀಸರು ಮತ್ತೆ ಒಂದು ತೋರಿಸಿ, "ನಮ್ಮಮ್ಮನೂ ಹಿಂಗೇ," ಎಂದು ನಿಟ್ಟುಸಿರಿಟ್ಟರು. ಹೀಗೆ ನಾವು ಪೊಲೀಸ್ ಬೆಂಗಾವಲಿನಲ್ಲಿ ಸಂತ ಸೋಫಿಯಾ ಚರ್ಚನ್ನೂ ನೋಡಿದೆವು. ಸಮಯ ಎಷ್ಟಾಯಿತೆಂದು ನಾನು ನೋಡಲಿಲ್ಲ. ಕೈ ಎತ್ತಿ ಗಡಿಯಾರ ನೋಡುವಷ್ಟೂ ಶಕ್ತಿಯಿರಲಿಲ್ಲ.

ಮಠದ ಪಾರ್ಕಿಂಗಿನಲ್ಲಿ ದೆಸ್ಪಿನಾ ಅಜ್ಜಿಯ ಮಗ ತಾಶ್ಕೊ ಕಾಯುತ್ತಿದ್ದ. ಬಾಗಿಲಿನಷ್ಟು ಅಗಲದ ಮನುಷ್ಯ. ನಾನು ಕನ್ನಡಕ ತೆಗೆದು ಜೇಬಿಗಿಟ್ಟು ಏಟಿಗೆ ಸಿದ್ಧನಾಗಿ ಇಳಿದೆ. ಆದರೆ ಅವನ ಅಮ್ಮ ನನಗಿಂತ ಮೊದಲು ಇಳಿದಿದ್ದರು. ಆರು ವರ್ಷದ 'ಮುಂದಿನ ಸಲ'ಗಳನ್ನು ಒಂದೊಂದಾಗಿ ಎಣಿಸಿ ಅವನ ಮುಖಕ್ಕೆ ಎಸೆದರು. ಭಾಷೆ ಬಾರದಿದ್ದರೂ ನನಗೆ ಪ್ರತಿಯೊಂದು ಅಕ್ಷರವೂ ಅರ್ಥವಾಯಿತು. ಅಷ್ಟು ದೊಡ್ಡ ಗಂಡಸು ಮುದುಡಿ ಮುದುಡಿ ನನ್ನಷ್ಟಾದ. ಕೊನೆಗೆ ನನ್ನ ಕೈ ಹಿಡಿದು ಕುಲುಕಿದ. ಒಂದೇ ದೋಣಿಯವರ ಕೈಕುಲುಕು ಅದು.

ಅತ್ತೆ ಇನ್ನೂ ಆ ಚಿಕ್ಕ ಕೋಣೆಯಲ್ಲೇ ಇದ್ದರು. ಜನರೆಲ್ಲ ಹೋಗಿದ್ದರು. ಅವರು ನೆಲದ ಮೇಲೆ ಕೂತು, ಕಲ್ಲಿಗೆ ಕೆನ್ನೆಯಿಟ್ಟು, ಪಕ್ಕದ ಮನೆಯವರ ಜೊತೆ ಹರಟುವಂತೆ ಪಿಸುಗುಡುತ್ತಿದ್ದರು. ನಮ್ಮನ್ನು ಕಂಡು, "ಬಂದ್ರಾ? ಇಷ್ಟು ಬೇಗ?" ಎಂದರು.

ಪೊಲಿಕ್ಸೇನಿ ಓಡಿಹೋಗಿ ತಬ್ಬಿಕೊಂಡಳು. "ಅಮ್ಮ, ಕ್ಷಮಿಸಮ್ಮ, ಒಬ್ಬಳನ್ನೇ ಬಿಟ್ಟು ಹೋದ್ವಿ..."

"ಒಬ್ಬಳೇ ಎಲ್ಲಿದ್ದೆ? ಇವನಿದ್ನಲ್ಲ," ಎಂದು ಅತ್ತೆ ಕಲ್ಲನ್ನು ತಟ್ಟಿದರು. ಆಮೇಲೆ ಮಗಳ ಕೆನ್ನೆ ಹಿಡಿದು ಹೇಳಿದರು: "ನಿಂಗಾಗ ನಾಲ್ಕು ವರ್ಷ. ಹನ್ನೊಂದು ದಿನ ಜ್ವರ ಬಿಡ್ಲಿಲ್ಲ. ಡಾಕ್ಟರು ಕೈ ಚೆಲ್ಲಿದ್ರು. ಆಗ ನಮ್ ಸರ್ಕಾರ ದೇವರನ್ನೇ ನಿಷೇಧಿಸಿತ್ತು, ಚರ್ಚಿಗೆಲ್ಲ ಬೀಗ, ಗಡಿಗೂ ಬೀಗ. ಶಿಲುಬೆ ಹಾಕ್ಕೊಂಡ್ರೂ ಜೈಲು. ನಾವಾಗ ಸರೋವರದ ಪಕ್ಕದ ಹಳ್ಳೀಲಿ ಇದ್ವಿ, ಬಟ್ಟೆ ಒಗೆಯೋ ನೆಪ ಹೇಳಿ ದಡಕ್ಕೆ ಬಂದೆ. ಆ ಕಡೆ ದಡದಲ್ಲಿ ಈ ಮಠ ಕಾಣ್ತಿತ್ತು, ಕೈಗೆಟಕೋ ಹಂಗೆ. ಮನಸ್ಸಲ್ಲೇ ಅಂದೆ, ನೌಮ್, ಇವಳನ್ನ ಉಳ್ಸು, ಒಂದಿನ ನಾನೇ ಬಂದು ನಿನ್ ಎದೆಗೆ ಕಿವಿಯಿಟ್ಟು ಥ್ಯಾಂಕ್ಸ್ ಹೇಳ್ತೀನಿ."

ಐವತ್ತು ವರ್ಷ! ಆಗ ಹೇಳಿದರೆ ಅಪಾಯ, ಆಮೇಲೆ ಹೇಳದಿರುವುದೇ ಅಭ್ಯಾಸ. ಐವತ್ತು ವರ್ಷದ ಹರಕೆಗೆ ಮೂವತ್ತೈದು ನಿಮಿಷ ಕೊಟ್ಟು, ಅದರಲ್ಲೂ ಒಂಬತ್ತನ್ನು ನವಿಲಿಗೆ ಕಳೆದು, ಉಳಿದದ್ದರಲ್ಲಿ ಮೊಣಕೈ ಹಿಡಿದು ಎಳೆದವನು ನಾನು. ನೆಲ ಬಾಯಿ ಬಿಡಲಿ ಎಂದು ಕಾದೆ. ಚರ್ಚಿನ ನೆಲ ಗಟ್ಟಿಯಾಗಿತ್ತು.

"ಕೇಳಿಸ್ತಾ ಅತ್ತೆ?" ಎಂದೆ, ಈ ಸಲ ಬಾಗಿಲ ಬಳಿಯಿಂದಲೇ.

"ಕೇಳಿಸ್ತು. ಅವನದ್ದೋ ನನ್ದೋ ಗೊತ್ತಾಗ್ಲಿಲ್ಲ. ಇಬ್ರೂ ಹಳಬರು ನೋಡು."

ಅಂಗಳದ ಬೆಂಚಿನ ಮೇಲೆ ಕೂತು, ಅವರಿಗೆ ಮಾತ್ರೆ ಕೊಟ್ಟು, ಡಿಕ್ಕಿಯಲ್ಲಿದ್ದ ಲಾಕ್ರೋರನ್ನು ತಾಶ್ಕೊನ ಕುಟುಂಬದ ಜೊತೆ ಹಂಚಿಕೊಂಡು ತಿಂದೆವು. ನಮ್ಮ ಹಿಂದೆಯೇ ಬಂದಿದ್ದ ಪೊಲೀಸರೂ ಎರಡು ತುಂಡು ತಿಂದರು. ಅತ್ತೆಯೂ ದೆಸ್ಪಿನಾ ಅಜ್ಜಿಯೂ ಬೆಂಚಿನ ತುದಿಯಲ್ಲಿ ಕೈ ಕೈ ಹಿಡಿದು ತವರಿನ ಭಾಷೆಯಲ್ಲಿ ಮಾತಿಗೆ ಕೂತರು. ಪಕ್ಕಪಕ್ಕ ಕೂತಾಗ ನೋಡಿದೆ: ಇಬ್ಬರ ನಡುವೆ ಎಳ್ಳಷ್ಟೂ ಹೋಲಿಕೆಯಿರಲಿಲ್ಲ.

ಹೊರಡುವಾಗ ಅತ್ತೆ ಮೆಲ್ಲಗೆ ಹೇಳಿದರು: "ನೀವು ಹೋಗಿದ್ದನ್ನ ನಾನು ನೋಡಿದೆ. ಊಟೆ ಹತ್ರ ಮುಖ ತೊಳೀತಿದ್ದೆ, ಕಾರು ಮುಂದೇನೇ ಹೋಯ್ತು."

"ಅತ್ತೆ! ಒಂದ್ಸಲ ಕೂಗಬಹುದಿತ್ತಲ್ಲ!"

"ಕೂಗಿದ್ರೆ ನೀನು ನಿಲ್ಲಿಸ್ತಿದ್ದೆ."

ಸಂಜೆ ಐದಕ್ಕೇ ಮನೆ ಸೇರಿದೆವು. ಥಿಮಿ ಬೇಲಿಯ ಬಳಿ ಕಾಯುತ್ತಿದ್ದ.

"ಎಷ್ಟು ನೋಡಿದೆ?"

"ಮಠ ಒಂದು, ಎರಡು ಸಲ. ಚರ್ಚು ಎರಡು, ಅದರಲ್ಲೊಂದು ಪೊಲೀಸರ ಜೊತೆ," ಎಂದು ಒಳಗೆ ಹೋಗಿ ಷೂ ಸಮೇತ ಮಲಗಿದೆ. ಮರುದಿನವೂ ಹೆಚ್ಚುಕಡಿಮೆ ಹಾಗೆಯೇ ಮಲಗಿದ್ದೆ.

ಭಾನುವಾರ ಕ್ರುಶೆವೊದಿಂದ ಫೋನು ಬಂತು. ಇಬ್ಬರು ಅಜ್ಜಿಯರೂ ಒಂದು ಗಂಟೆ ಮಾತಾಡಿದರು. ಫೋನಿಟ್ಟ ಅತ್ತೆ ಹತ್ತು ವರ್ಷ ಚಿಕ್ಕವರಾದಂತೆ ಅಡುಗೆಮನೆಗೆ ಬಂದು ಪ್ರಕಟಿಸಿದರು:

"ಸೆಪ್ಟೆಂಬರಿನಲ್ಲಿ ಮತ್ತೆ ಹೋಗೋಣ. ಬಂಡೆ ಮೇಲಿನ ಚರ್ಚು, ಗುಹೆ ಮಠ, ಎಲ್ಲಾ. ಮೂರು ದಿನ. ತಾಶ್ಕೊ ಕಾರು ತರ್ತಾನೆ. ನಾನು, ದೆಸ್ಪಿನಾ, ಪೊಲಿಕ್ಸೇನಿ."

ಸೂಪಿನ ಚಮಚ ಕೆಳಗಿಟ್ಟೆ. ದಣಿವು ಎಷ್ಟೇ ಇದ್ದರೂ ಮನುಷ್ಯನಿಗೆ ಮಾನ ಅಂತ ಒಂದಿರುತ್ತದಲ್ಲ!

"ಕಾರಿನಲ್ಲಿ ಇನ್ನೊಂದು ಸೀಟು ಇರುತ್ತಲ್ಲ ಅತ್ತೆ? ನಾನು?"

ಅತ್ತೆ ನನ್ನ ತಟ್ಟೆಗೆ ಇನ್ನೊಂದು ಸೌಟು ಸೂಪು ಬಡಿಸಿ, ಬೆನ್ನು ಸವರಿದರು.

"ನೀನು ಮನೇಲೇ ಇರು ಮಗನೇ. ನಿನ್ನನ್ನಾದ್ರೂ ಎಲ್ಲಿ ಬಿಟ್ಟಿದ್ದೀವಿ ಅಂತ ನಮಗೆ ಗೊತ್ತಿರುತ್ತೆ."